ಓದಿ ಹೇಳಲಾಗಿ ಸರಿ ಇದೆ

ಹೈಕೋರ್ಟಿನಿಂದ ಕಾಗದ ಬಂದಿದೆ.
ಕೆಳ ನ್ಯಾಯಾಲಯದ ದಾಖಲೆ ನಂಬುವಂತಿಲ್ಲ,
ಬಿಡುಗಡೆಯ ತೀರ್ಪನ್ನು ಮತ್ತೆ ನೋಡಬೇಕಾಗಿದೆ,
ಸಾಕ್ಷಿ ಬರೆದುಕೊಂಡ ಬೆರಳಚ್ಚುಗಾರ್ತಿ
ಅರಸೀಕೆರೆಯ ಅದೇ ಕೋರ್ಟಿಗೆ
ಖುದ್ದು ಹಾಜರಾಗತಕ್ಕದ್ದು.

ಆ ಬೆರಳಚ್ಚುಗಾರ್ತಿ ನಾನು, ಪಂಕಜಾಕ್ಷಿ.
ನಿವೃತ್ತಿಯಾಗಿ ಮೂರು ವರ್ಷ.

ಪುಟ ನಲವತ್ತೊಂದು ಅರ್ಧ ಪದಕ್ಕೇ ನಿಂತಿದೆಯಂತೆ.
ನಲವತ್ತೆರಡರಲ್ಲಿ ಬೇರೆ ಕೇಸಿನ ಎಮ್ಮೆ:
ಬಾಣಾವರದ ಸಂತೆಯಲ್ಲಿ ಕಳುವಾದದ್ದು,
ಒಂದು ಕೊಂಬು ಮೊಂಡು,
ಕೊಲೆ ಮೊಕದ್ದಮೆಯ ನಡುವೆ ನಿಂತು
ಹದಿನಾಲ್ಕು ವರ್ಷದಿಂದ ಮೆಲುಕು ಹಾಕುತ್ತಿದೆ.
ಅದನ್ನು ಅಲ್ಲಿಗೆ ಹೊಡೆದವಳು ನಾನಲ್ಲ.
ಕಡತಕ್ಕೆ ದಾರ ಕಟ್ಟಿದವನು ಜವಾನ ಗವಿರಂಗ,
ಅವನೀಗ ಇಲ್ಲ.

ಆದರೆ ಪುಟ ನಲವತ್ತು ನನ್ನದೇ.

ಕಟಕಟೆಯಲ್ಲಿ ಕೆಂಚೀರಮ್ಮ,
ನಾರಿನ ಮಿಲ್ಲಿನ ಕೂಲಿ, ಹುಬ್ಬಿನಲ್ಲಿ ಮಟ್ಟೆಯ ಧೂಳು.
ಮಿಲ್ಲಿನ ರೈಟರು ಬಸಪ್ಪಾಜಿ ಬಿದ್ದಿದ್ದ ರಾತ್ರಿ
ಗೋಡೆ ಹಾರಿ ಓಡಿದವನು ಯಾರು?
ವಕೀಲರು ಕೇಳಿದರು. ಅವಳು ಬಾಯಿ ತೆರೆದಳು.
ಆಗ ಮೂರೂ ಐದರ ಗೂಡ್ಸು
ಜಂಕ್ಷನ್ನಿನ ಸಿಗ್ನಲ್ಲಿಗೆ ಕೂಗಿತು.
ಕಿಟಕಿಯ ಸರಳು, ಸಾಹೇಬರ ಲೋಟದ ಮುಚ್ಚಳ,
ನನ್ನ ಮೆಷಿನ್ನಿನ ಕೀಲಿ, ಎಲ್ಲ ಒಟ್ಟಿಗೆ ನಡುಗಿದವು.
ಅವಳ ತುಟಿ ಮುಚ್ಚಿದ ಮೇಲೂ
ವ್ಯಾಗನ್ನುಗಳು ಹೋಗುತ್ತಲೇ ಇದ್ದವು.

ಅವ್ನೇ ಸಾಮಿ, ಅಂದಳೋ
ಅವ್ನಂಗೇ ಸಾಮಿ, ಅಂದಳೋ.
ನಡುವೆ ಒಂದು ಸೊನ್ನೆ, ಒಂದು ಗಕಾರ.

ಸಾಹೇಬರು ಕನ್ನಡಕ ಒರೆಸುತ್ತ ಹೇಳಿದರು,
'ಅವನ ಹಾಗೆ ಇದ್ದನು' ಅಂತ ಬರ್ಕೊಳ್ಳಿ.
ಬರೆದುಕೊಂಡೆ.
ಕೆಳಗೆ ಎಂದಿನಂತೆ ಬೆರಳು ತಾನಾಗಿ ಬಡಿಯಿತು:
ಓದಿ ಹೇಳಲಾಗಿ ಸರಿ ಇದೆ.

ಓದಿ ಹೇಳಲಿಲ್ಲ.
ಹೊರಗೆ ಇನ್ನೂ ನಾಲ್ಕು ಸಾಕ್ಷಿ ಬಾಕಿ, ಬಸ್ಸಿನ ಹೊತ್ತು.
ಮೂವತ್ತೊಂದು ವರ್ಷದ ನೌಕರಿಯಲ್ಲಿ
ದೇವರ ಹೆಸರಿಗಿಂತ ಹೆಚ್ಚು ಸಲ ಬಡಿದ ಸಾಲು ಅದು.

ಪುಟದ ಬುಡದಲ್ಲಿ ಎಡಗೈ ಹೆಬ್ಬೆಟ್ಟಿನ ಗುರುತು.
ಹೈಕೋರ್ಟಿಗೆ ಎಮ್ಮೆ ಕಂಡಿದೆ, ಇದು ಕಂಡಿಲ್ಲ:
ಕೆಂಚೀರಮ್ಮನಿಗೆ ಎಡಗೈ ಹೆಬ್ಬೆಟ್ಟೇ ಇಲ್ಲ.
ಸಾಕ್ಷಿಗೆ ಬರುವ ಎಷ್ಟೋ ಮೊದಲೇ
ನಾರಿನ ಯಂತ್ರ ತಿಂದಿತ್ತು.
ಹಾಗಾದರೆ ಯಾರದು? ಗವಿರಂಗನದೋ,
ಎಮ್ಮೆ ಕಳಕೊಂಡು ಜಗಲಿಯಲ್ಲಿ ಕೂತವನದೋ?
ಒತ್ತಿದ್ದನ್ನು ನಾನು ನೋಡಲಿಲ್ಲ.
ನೋಡಲಿಲ್ಲ ಎಂಬುದೂ ಒಂದು ಹೇಳಿಕೆ.

ಬಿಡುಗಡೆಯಾದ ಓಂಕಾರಿ
ಹಾಸನದ ರಸ್ತೆಯಲ್ಲಿ ಪಂಕ್ಚರ್ ಹಾಕುತ್ತಾನೆ.
ಹೋದ ಭಾನುವಾರ ಮೊಮ್ಮಗಳ ಸೈಕಲ್ಲಿಗೆ ಗಾಳಿ ಹೊಡೆದ,
ಕಾಸು ಬೇಡ ಮೇಡಂ, ಅಂದ.
ಕೊಂದಿದ್ದಾನೋ ಇಲ್ಲವೋ, ನನಗೆ ಗೊತ್ತಿಲ್ಲ.
ಆ ಸೊನ್ನೆಯ ಮೇಲೆ ಮನೆ ಕಟ್ಟಿದ್ದಾನೆ,
ಇಬ್ಬರು ಮಕ್ಕಳು, ಬಾಗಿಲಿಗೆ ನೀಲಿ ಬಣ್ಣ.

ಬಸಪ್ಪಾಜಿಯ ಹೆಂಡತಿ ಓದು ಬಾರದವಳು.
ವರ್ಷಕ್ಕೊಮ್ಮೆ ಬಂದು ನಕಲು ಕೇಳುತ್ತಿದ್ದಳು,
ನಲವತ್ತನೇ ಪುಟ ತೆಗೆಸಿ, ಅಂಗೈಯಿಟ್ಟು,
'ಇಲ್ಲೇ ಅಲ್ವೇನವ್ವ, ರೈಲು ಹೋಗಿದ್ದು?'

ತಡೆಯಲಾರದೆ ಕೆಂಚೀರಮ್ಮನನ್ನು ಹುಡುಕಿ ಹೋದೆ.
ಆವತ್ತು ಏನಂದೆ, ನೆನಪಿದೆಯೇ?
ಎಲೆಗೆ ಸುಣ್ಣ ಸವರುತ್ತಿದ್ದಳು, ನಾಲ್ಕೇ ಬೆರಳಲ್ಲಿ ಹಿಡಿದು.
'ನೀವೇ ಬರ್ಕೊಂಡ್ರಲ್ಲವ್ವ, ಅದ್ರಲ್ಲಿ ಏನೈತೆ?
ಅದ್ನೇ ಅಂದಿರ್ತೀನಿ.'

ಸೋಮವಾರ ನಾನು ಕಟಕಟೆ ಹತ್ತಬೇಕು.
ನನ್ನ ಜಾಗದಲ್ಲಿ ಈಗೊಬ್ಬಳು ಹುಡುಗಿ, ಕಂಪ್ಯೂಟರು;
ಕೊನೆಯ ಸಾಲು ಮೊದಲೇ ಅದರೊಳಗಿದೆಯಂತೆ,
ಒಂದು ಗುಂಡಿ ಒತ್ತಿದರೆ ಸಾಕಂತೆ.
ಒತ್ತಬೇಡ ಮಗಳೇ, ಅನ್ನುತ್ತೇನೆ.
ಮೊದಲು ಓದು, ಗಟ್ಟಿಯಾಗಿ ಓದು.
ಗೂಡ್ಸು ಬಂದರೆ ಬರಲಿ,
ಕೊನೆಯ ಡಬ್ಬಿ ದಾಟುವ ತನಕ
ನಿಂತಿರುತ್ತೇನೆ.